ಪೊಟ್ಟಣದ ಜೊತೆ ಅರ್ಧ ಸೇರು ಮಾತು

ಕಾರ್ತಿಕದ ಕಡೇ ಸೋಮವಾರ. ಬಸವನಗುಡಿಯ ಪರಿಷೆಯಲ್ಲಿ ನೂಕುನುಗ್ಗಲು. ಅರ್ಧ ಸೇರು ಹುರಿದ ಕಡಲೆಕಾಯಿ ಕೊಂಡೆ. ಕಾಯಿಯ ಬಿಸಿಗೋ ಏನೋ, ಹಳೇ ಪೇಪರಿನ ಪೊಟ್ಟಣ ಬಾಯಿಬಿಟ್ಟಿತು.

ಪೊಟ್ಟಣ: ಏನ್ ಸ್ವಾಮಿ, ಮಂಕಿ ಕ್ಯಾಪು?

ನಾನು: ಚಳಿ ಅಲ್ವೇನ್ರೀ! ಹದಿನೆಂಟು ಡಿಗ್ರಿ.

ಪೊಟ್ಟಣ: ನಮ್ಮೂರಲ್ಲಿ ಸೊನ್ನೆಯಿಂದ ನಲವತ್ತು ಕೆಳಗೆ ಇಳಿಯುತ್ತೆ. ನಾನು ಮೂಲತಃ ಕೆನಡಾದ ಕ್ವಿಬೆಕ್ ಕಡೆಯ ಕಪ್ಪು ಸ್ಪ್ರೂಸ್ ಮರ. ನಿಮ್ಮ ಭೂಗೋಳದ ಪುಸ್ತಕದಲ್ಲಿ ಟೈಗಾ ಅಂತಿತ್ತಲ್ಲ, ಅದೇ ಕಾಡು. ಅರೆದು ನ್ಯೂಸ್‌ಪ್ರಿಂಟ್ ಮಾಡಿ ಹಡಗು ಹತ್ತಿಸಿದರು. ಬೆಳಿಗ್ಗೆ ಪತ್ರಿಕೆ, ಸಂಜೆ ರದ್ದಿ.

ನಾನು: ಊರಲ್ಲಿ ಎಲ್ಲ ಕ್ಷೇಮವೇ?

ಪೊಟ್ಟಣ: 2023ರಲ್ಲಿ ಕೆನಡಾದಲ್ಲಿ ಸುಮಾರು 1.5 ಕೋಟಿ ಹೆಕ್ಟೇರ್ ಸುಟ್ಟುಹೋಯಿತು. ನಿಮ್ಮ ಇಡೀ ಕರ್ನಾಟಕವೇ 1.92 ಕೋಟಿ. ಹೊಗೆ ನ್ಯೂಯಾರ್ಕಿಗೆ ಹೋಗಿ ಆಕಾಶ ಕಿತ್ತಳೆ ಬಣ್ಣಕ್ಕೆ ತಿರುಗಿದ ಮೇಲೆ ಜಗತ್ತಿಗೆ ಸುದ್ದಿ ಆಯಿತು.

ನಾನು: ಬೆಂಕಿ ನಿಮಗೆ ಹೊಸದಲ್ಲವಂತೆ?

ಪೊಟ್ಟಣ: ಅಲ್ಲ. ನನ್ನ ಕಾಯಿಗಳು ಅಂಟು ಮೆತ್ತಿಕೊಂಡು ಮುಚ್ಚಿರ್ತವೆ. ಬೆಂಕಿ ತಗುಲಿದರೆ ಚೆನ್ನಾಗಿ ಬಿರಿದು ಬೀಜ ಉದುರಿಸ್ತವೆ. ಆದರೆ ಮರಿ ಮರ ಬೆಳೆದು ಸಾಕಷ್ಟು ಕಾಯಿ ಕಟ್ಟೋಕೆ ದಶಕಗಳು ಬೇಕು. ಅಷ್ಟರಲ್ಲೇ ಇನ್ನೊಂದು ಬೆಂಕಿ ಬಂದರೆ? ನಿಮ್ಮ ಕೈಲಿರೋ ಕಾಯನ್ನ ಎರಡನೇ ಸಲ ಹುರಿದು ನೋಡಿ.

(ಒಂದು ಕಾಯಿ ಸುಲಿದೆ. ಸೀದಿತ್ತು. ಉಗಿದೆ.)

ನಾನು: ಬಿಳಿ ಸ್ಪ್ರೂಸ್ ಮರಗಳಿಗೆ ದುಂಬಿಯ ಕಾಟವಂತೆ?

ಪೊಟ್ಟಣ: ನಮ್ಮ ದಾಯಾದಿಗಳು. ಅಲಾಸ್ಕಾ ಕಡೆ ತೊಗಟೆ ಕೊರೆಯೋ ದುಂಬಿ ಮೊದಲು ಎರಡು ವರ್ಷಕ್ಕೊಂದು ಸಂಸಾರ ಮಾಡ್ತಿತ್ತು. ಬೇಸಿಗೆ ಕಾವೇರಿದ ಮೇಲೆ ವರ್ಷಕ್ಕೇ ಮುಗಿಸ್ತಿದೆ. ನಿಮ್ಮ ಬಸವಣ್ಣ ಕಡಲೆಕಾಯಿ ಹೊಲ ಮೇಯ್ದ ಅಂತ ಗುಡಿ ಕಟ್ಟಿ ಸಮಾಧಾನ ಮಾಡಿದಿರಿ. ಈ ದುಂಬಿಗೆ ಯಾವ ಗುಡಿ ಕಟ್ಟೋಣ?

ನಾನು: ಉತ್ತರಕ್ಕೆ ವರ್ಗಾವಣೆ ಮಾಡಿಸ್ಕೋಬಹುದಲ್ಲ?

ಪೊಟ್ಟಣ: ಮರ ಕಣ್ರೀ ನಾವು, ಸರ್ಕಾರಿ ನೌಕರರಲ್ಲ! ಉತ್ತರದಲ್ಲಿ ವರ್ಷವಿಡೀ ಹೆಪ್ಪುಗಟ್ಟಿರುತ್ತಿದ್ದ ನೆಲವೇ ಕರಗಿ, ಮರಗಳು ಅಡ್ಡಾದಿಡ್ಡಿ ವಾಲಿವೆ. ಕುಡುಕ ಕಾಡು ಅಂತಲೇ ಹೆಸರು.

ನಾನು: ಅದಕ್ಕೆ ನೆಲ ಯಾಕೆ ಕರಗಬೇಕು? ಇಲ್ಲಿ ಬೇರು ಕಡಿದು ಚರಂಡಿ ತೋಡಿ, ಬುಡಕ್ಕೆ ಸಿಮೆಂಟ್ ಬಳಿದು ಅದನ್ನೇ ಸಾಧಿಸಿದ್ದೇವೆ. 2016ರ ಏಪ್ರಿಲ್‌ನಲ್ಲಿ ನಮ್ಮಲ್ಲೂ 39.2 ಡಿಗ್ರಿ ಆಗಿತ್ತು.

ಪೊಟ್ಟಣ: ಗೊತ್ತು. ನನ್ನ ಎಡಮಗ್ಗುಲು ಓದಿ.

ತಿರುಗಿಸಿದೆ. ‘ಏರುತ್ತಿರುವ ತಾಪಮಾನ: ತಜ್ಞರ ಆತಂಕ’. ಅದರ ಬೆನ್ನಿಗೆ ಅರ್ಧ ಪುಟದ ಜಾಹೀರಾತು: ಹಳೇ ಎ.ಸಿ. ತನ್ನಿ, ಹೊಸದು ಒಯ್ಯಿರಿ.

ನಾನು: ಸುದ್ದಿ ಅರ್ಧಕ್ಕೇ ನಿಂತಿದೆಯಲ್ಲ?

ಪೊಟ್ಟಣ: ಮಿಕ್ಕಿದ್ದು 7ನೇ ಪುಟದಲ್ಲಿ. ಎದುರಿನ ಅಂಗಡಿಯಲ್ಲಿದ್ದಾನೆ, ಮೆಣಸಿನಕಾಯಿ ಬಜ್ಜಿಯ ಎಣ್ಣೆ ಹೀರ್ತಾ. ಪ್ಲಾಸ್ಟಿಕ್ ಬೇಡ, ಕಾಗದವೇ ಪರಿಸರಸ್ನೇಹಿ ಅಂತ ಬೆಳಿಗ್ಗೆ ಮೈಕಿನಲ್ಲಿ ಹೊಗಳಿದರು. ನಾಚಿಕೆ ಆಯಿತು, ನಾನೂ ಒಂದು ಕಾಲಕ್ಕೆ...

ಹಿಂದಿನಿಂದ ಬಂದ ಬಸವವೊಂದು ಪೊಟ್ಟಣಕ್ಕೆ ಬಾಯಿ ಹಾಕಿತು. ಕಾಯಿ ನೆಲದ ಪಾಲು. ಬೆರಳ ಸಂದಿಯಲ್ಲಿ ಉಳಿದ ಚೂರಿನ ಮೇಲೆ ‘7ನೇ ಪುಟಕ್ಕೆ’ ಅಂತಷ್ಟೇ ಇತ್ತು.