ಆಳವೂ ದೂರವೇ: ಅಗ್ರಹಾರದ ಬಸ್ ಸ್ಟಾಪಿನ ಸಂದರ್ಶನ

ಮೈಸೂರಿಗೂ ಸುರಂಗ ಮೆಟ್ರೊ ಬೇಕೆನ್ನುವವರು ಅಭಿಪ್ರಾಯ ಕೇಳದೆ ಬಿಟ್ಟ ಹಿರಿಯರೆಂದರೆ ಅಗ್ರಹಾರದ ಬಸ್ ಸ್ಟಾಪು.

ನಿಮ್ಮ ಕಾಲಡಿ ರೈಲು ಓಡುವುದು ಬೇಡವೆ?

ಬೆಂಗಳೂರನ್ನೇ ನೋಡಿ ಸ್ವಾಮಿ. ಮೊದಲ ಹಂತ 42.3 ಕಿ.ಮೀ., ನೆಲದೊಳಗೆ ಹೋದದ್ದು 8.8 ಮಾತ್ರ. ಕಂಬ ನಿಲ್ಲಿಸೋಕೆ ಜಾಗ ಸಿಗದ ಕಡೆ ಬಿಲ. 2006ರಲ್ಲಿ ಶಂಕುಸ್ಥಾಪನೆ, ಮುಗಿದದ್ದು 2017ರ ಜೂನ್‌ನಲ್ಲಿ. ಗೋದಾವರಿ ಅನ್ನೋ ಸುರಂಗ ಯಂತ್ರ ತಿಂಗಳುಗಟ್ಟಲೆ ಬಂಡೆಯೊಳಗೇ ಕೂತಿತ್ತು (ನದಿಯ ಹೆಸರಿಟ್ಟರೆ ಹರಿದೀತು ಅಂದ್ಕೊಂಡಿದ್ರೇನೋ). ಇಷ್ಟಾದ ಮೇಲೂ ಮೆಜೆಸ್ಟಿಕ್‌ನಲ್ಲಿ ದಿನಾ ಓಡಾಡೋರ ಪಾಡೇನು? ಬ್ಯಾಗನ್ನು ಯಂತ್ರಕ್ಕೆ ಕೊಡಬೇಕು, ಮೈ ತಡವಿಸಿಕೊಳ್ಳಬೇಕು, ಕಾರ್ಡು ತೋರಿಸಬೇಕು, ಒಂದು ಎಸ್ಕಲೇಟರ್ ಇಳಿದು ಇನ್ನೊಂದು ಹುಡುಕಬೇಕು. ರೈಲಿನ ಕಿಟಕಿಯಲ್ಲಿ ಕಾಣೋದು ತಮ್ಮದೇ ಮುಖ. ಅದನ್ನ ಎಷ್ಟು ಹೊತ್ತು ನೋಡ್ತಾರೆ, ಮೊಬೈಲಿಗೆ ತಲೆ ಬಗ್ಗಿಸ್ತಾರೆ. ತಪ್ಪು ದ್ವಾರದಲ್ಲಿ ಮೇಲೆದ್ದರೆ ರಸ್ತೆಯ ಆ ಕಡೆ. ದೂರ ಹೋಗೋರು ಇದನ್ನ ಸಹಿಸೋದು ನ್ಯಾಯವೇ. 2016ರಲ್ಲಿ ಬೈಯಪ್ಪನಹಳ್ಳಿಯಿಂದ ಮೈಸೂರು ರಸ್ತೆ ನಿಲ್ದಾಣದವರೆಗೆ, 18 ಕಿ.ಮೀ., 33 ನಿಮಿಷ ಅಂದಾಗ ನನಗೂ ಹೊಟ್ಟೆಕಿಚ್ಚಾಯ್ತು. ಆದರೆ ಅಗ್ರಹಾರದಿಂದ ಕೆ.ಆರ್. ಸರ್ಕಲ್‌ಗೆ? ಇಳಿದು ಹತ್ತೋ ಹೊತ್ತಿಗೆ ನಡೆದೇ ತಲುಪಿರ್ತಾರೆ. ಆಳವೂ ದೂರವೇ ಕಣ್ರೀ; ಗೆರೆ ಎಳೆಯೋರು ಅದನ್ನ ಲೆಕ್ಕಕ್ಕೆ ಹಿಡಿಯಲ್ಲ.

ಮೈಸೂರಿನ ಹೆಬ್ಬಾಳ, ಹೂಟಗಳ್ಳಿ ಕಾರ್ಖಾನೆಗಳಿಗೆ ಹೋಗುವವರೂ ಇದ್ದಾರಲ್ಲ? ದಸರಾ ನೂಕುನುಗ್ಗಲು ಬೇರೆ.

ಮೊದಲನೆಯದು ಸರಿಯಾದ ಪ್ರಶ್ನೆ, ಒಪ್ಕೋತೀನಿ. ಆದರೆ ಅವರ ಹೊತ್ತು ಹಾಳಾಗೋದು ರಸ್ತೆಯಲ್ಲಿ ಕಮ್ಮಿ, ನನ್ನ ನೆರಳಲ್ಲಿ ಕಾಯ್ತಾ ಜಾಸ್ತಿ. ಬಸ್ ಬಂದರೂ ಕಾಲಿಡೋಕೆ ಜಾಗ ಇರಲ್ಲ. 2023ರ ಜೂನ್ 11ರಿಂದ ಹೆಂಗಸರಿಗೆ ಟಿಕೆಟ್ ಉಚಿತ ಆದ ಮೇಲೆ ರಶ್ಶು ಅಂತ ಗೊಣಗ್ತಾರೆ. ರಶ್ಶು ಅಂದ್ರೆ ಇನ್ನೊಂದು ಬಸ್ ಬೇಕು ಅಂತ ತಾನೆ ಅರ್ಥ? ಬಸ್ಸನ್ನ ನಾಳೆ ಬೆಳಿಗ್ಗೆ ಬಿಡಬಹುದು. ಸುರಂಗಕ್ಕೆ ಈಗ ಕಾಯೋ ಹುಡುಗಿಯ ಮಗಳು ಹತ್ತಿಯಾಳು. ಇನ್ನು ದಸರಾ. ಹತ್ತು ದಿನದ ಜಾತ್ರೆಗೆ ವರ್ಷಪೂರ್ತಿ ಬಿಲ ಕಾಯಬೇಕಾ? ಆ ಜನ ಬರೋದೇ ಬೀದೀಲಿ ಆನೆ ನೋಡೋಕೆ. ನೆಲದಡಿ ಸಾಗಿಸಿದರೆ ಅಂಬಾರಿಯ ನೆರಳೂ ಕಾಣಲ್ಲ.

ಇದರಲ್ಲಿ ನಿಮ್ಮ ಸ್ವಾರ್ಥವಿಲ್ಲವೆ?

ಇಲ್ಲದೆ ಏನು? ಸುರಂಗ ಬಂದರೆ ನನ್ನನ್ನೇ ಕಿತ್ತು ದ್ವಾರ ಕೂರಿಸ್ತಾರೆ. ಸ್ವಾರ್ಥಿಯ ಲೆಕ್ಕ ತಪ್ಪೇ ಇರಬೇಕು ಅಂತೇನಿಲ್ಲ, ಕೂಡಿ ಕಳೆದು ನೋಡಿ. ಸ್ವಲ್ಪ ಪಕ್ಕಕ್ಕೆ ಬನ್ನಿ, ಬಸ್ ಬಂತು. ಜನ ಹತ್ತಬೇಕು.