ಮಾನ್ವಿಯಲ್ಲೊಂದು ಗಾಜಿನ ದರ್ಶನ

ಹೊಸ ದರ್ಶನ ಸ್ಥಾಪಿಸಬೇಕು ಅನ್ನುವವರು ಜಗತ್ತಿನ ಯಾವ ಊರನ್ನಾದರೂ ಆರಿಸಿಕೊಳ್ಳಲಿ, ಮಾನ್ವಿಯನ್ನು ಮಾತ್ರ ಬಿಟ್ಟುಬಿಡಲಿ. ಇಲ್ಲಿ ಬಸ್‌ಸ್ಟ್ಯಾಂಡಿನಲ್ಲಿ ಮಿರ್ಚಿ-ಒಗ್ಗರಣಿ ತಿನ್ನುತ್ತ ಕೂತವರಿಗೂ ಜೀವ-ಪರಮಾತ್ಮರ ಸಂಬಂಧದ ಬಗ್ಗೆ ಖಚಿತ ಅಭಿಪ್ರಾಯ ಇರುತ್ತದೆ. ಈ ಸಂಗತಿ ನನಗೆ ಗೊತ್ತಾದದ್ದು ದರ್ಶನ ಸ್ಥಾಪಿಸಿಯಾದ ಮೇಲೆ.

ತಪ್ಪೆಲ್ಲ ಓಣಿಯ ಹುಡುಗರದು. ಅವರ ಚೆಂಡು ನಮ್ಮ ಕಿಟಕಿ ಒಡೆಯದಿದ್ದರೆ ನಾನು ಗಾಜಿನಂಗಡಿಗೆ ಹೋಗುತ್ತಿರಲಿಲ್ಲ. ಅಂಗಡಿಯ ಸಾಹೇಬರು ಹಾಳೆಯೊಂದನ್ನು ಎತ್ತಿ ನಿಲ್ಲಿಸಿದಾಗ ನೋಡಿದೆ. ಎದುರಿನಿಂದ ಗಾಜು ಇದೆಯೋ ಇಲ್ಲವೋ ಅನ್ನುವಷ್ಟು ತಿಳಿ, ಅಂಚಿನಿಂದ ನೋಡಿದರೆ ಕಡು ಹಸಿರು.

“ಇದ್ಯಾಕ್ರಿ ಹಸರು?”

“ಉಸುಕಿನಾಗ ಒಂದೀಟು ಕಬ್ಬಿಣ ಇರ್ತದಲ್ರಿ, ಅದು ಅಂಚಿನ್ಯಾಗ ಕಾಣ್ತದ.”

ಅವರು ಲೆಕ್ಕ ಬರೆಯಲು ಹೋದರು. ನಾನು ಅಲ್ಲೇ ನಿಂತುಬಿಟ್ಟೆ. ಎದುರಿಗೆ ಶುದ್ಧ, ಅಂಚಿನಲ್ಲಿ ಕಬ್ಬಿಣ! ಜೀವನೂ ಇಷ್ಟೇ ಅಲ್ಲವೇ? ಬ್ಯಾಂಕಿನಿಂದ ನಿವೃತ್ತನಾದವನಿಗೆ ಮೇ ತಿಂಗಳ ಮಧ್ಯಾಹ್ನ ಇಂಥ ವಿಚಾರ ಹೊಳೆದರೆ ಅದನ್ನು ತಡೆಯಲು ಮನೆಯಲ್ಲಿ ಯಾರಿಗೂ ಆಗುವುದಿಲ್ಲ. ರಾತ್ರಿಯೊಳಗೆ ನೋಟ್‌ಬುಕ್ ತುಂಬಿತು. ಬೆಳಕೇ ಪರಮಾತ್ಮ, ಗಾಜೇ ಜೀವ, ಧೂಳೇ ಅಜ್ಞಾನ, ಒರೆಸುವ ಬಟ್ಟೆಯೇ ಗುರು. ಆ ಬಟ್ಟೆ ನಾನೇ ಎಂದು ವಿನಯದಿಂದ ಬರೆಯಲಿಲ್ಲ. ಉಸುಕು, ಸೋಡಾ, ಸುಣ್ಣ ಮೂರೂ ಕುಲುಮೆಯಲ್ಲಿ ಕರಗಿ ಗಾಜಾಗುತ್ತವೆ, ಅವೇ ತ್ರಿಗುಣ. 1959ರಲ್ಲಿ ಇಂಗ್ಲೆಂಡಿನ ಪಿಲ್ಕಿಂಗ್‌ಟನ್ ಕಂಪನಿ ಲೋಕಕ್ಕೆ ಸಾರಿದ ವಿಧಾನದಲ್ಲಿ ಕರಗಿದ ಗಾಜನ್ನು ಕರಗಿದ ತವರದ ಮೇಲೆ ತೇಲಿಬಿಡುತ್ತಾರೆ. ತವರಕ್ಕೆ ತಾಗಿಯೂ ಗಾಜು ಅದರಲ್ಲಿ ಬೆರೆಯುವುದಿಲ್ಲ. ಸಂಸಾರದಲ್ಲಿದ್ದೂ ಇಲ್ಲದಂತಿರುವುದಕ್ಕೆ ತಾವರೆ ಎಲೆ ಹಳೆಯದಾಯಿತು, ಇನ್ನು ಮೇಲೆ ತವರ ಎಂದು ದಪ್ಪ ಅಕ್ಷರದಲ್ಲಿ ಬರೆದೆ.

ಡಚ್ಚರ ನಾಡಿನ ಸ್ಪಿನೋಜ ಮಸೂರ ಉಜ್ಜಿ ಹೊಟ್ಟೆ ಹೊರೆಯುತ್ತಲೇ ತತ್ತ್ವಜ್ಞಾನಿಯಾದ ಎಂದು ಓದಿದ್ದೆ. ಹದಿನೇಳನೆಯ ಶತಮಾನದ ಆತನಿಗೂ ನನಗೂ ಇರುವ ಸಾಮ್ಯ ನೆನೆದು ಮೈ ಜುಮ್ಮೆಂದಿತು. ಅವನ ಮಸೂರದಿಂದ ನಾಲ್ಕು ಜನಕ್ಕೆ ಕಣ್ಣು ಕಂಡಿತು ಎಂಬ ವ್ಯತ್ಯಾಸ ಆಗ ಹೊಳೆಯಲಿಲ್ಲ. ಹೆಸರು ಕಿವಿಗೆ ಇಂಪಾಗಿರಲಿ ಎಂದು ‘ಕಾಚಾದ್ವೈತ’ ಎಂದಿಟ್ಟೆ. ಹುಟ್ಟಿದ್ದು ಮಾಧ್ವರ ಮನೆಯಲ್ಲಿ!

ಗುಡಿಕಟ್ಟೆಯ ಮೇಲೆ ಸಂಜೆ ಸೇರುವ ಪಿಂಚಣಿದಾರರ ಕೂಟದಲ್ಲಿ ಮೊದಲ ಉಪನ್ಯಾಸ ಗೊತ್ತಾಯಿತು. ಪ್ರಾತ್ಯಕ್ಷಿಕೆಗೆ ನಾಲ್ಕಡಿ-ಮೂರಡಿಯ ಕನ್ನಡಿ ಕೊಂಡೆ. 4 ಎಂಎಂ ದಪ್ಪ, ಸುಮಾರು 11 ಕಿಲೋ. ಟಂಟಂಗೆ ಹಾಕುವಾಗ ಸಾಹೇಬರು ಎಚ್ಚರಿಸಿದರು: “ಮಲಗಿಸಬ್ಯಾಡ್ರಿ ಸರ್, ಅಂಚಿನ ಮ್ಯಾಲ ನಿಂದ್ರಿಸ್ರಿ. ಮಲಗಿಸಿದ್ರ ಒಡೀತದ.”

ಸ್ವಲ್ಪ ದೂರ ನಿಲ್ಲಿಸಿಯೇ ಒಯ್ದೆ. ಮಧ್ಯಾಹ್ನದ ಬಿಸಿಲನ್ನು ಹಿಡಿದ ಕನ್ನಡಿ ಅದನ್ನು ರಸ್ತೆಯ ಎಡಬಲಕ್ಕೆ ಹಂಚುತ್ತ ಹೊರಟಿತು. ಕ್ಷೌರದಂಗಡಿಯಲ್ಲಿ ಗದ್ದ ಕೊಟ್ಟು ಕೂತವನ ಮುಖದ ಮೇಲೆ ಬೆಳಕು ಬಿದ್ದು, ಕತ್ತಿ ಹಿಡಿದವನೂ ಕತ್ತಿಗೆ ಸಿಕ್ಕವನೂ ಒಟ್ಟಿಗೆ ಕಣ್ಣು ಮುಚ್ಚಿದರು. ಚುರುಮುರಿ ಮಾರುವವಳು ನನ್ನ ಹಿರಿಯರನ್ನೆಲ್ಲ ನೆನೆದಳು. ಎತ್ತೊಂದು ಬಂಡಿ ಸಮೇತ ಬಟ್ಟೆ ಅಂಗಡಿಯ ಮೆಟ್ಟಿಲು ಹತ್ತಿತು. ಪರಮಾತ್ಮನ ಬೆಳಕನ್ನು ಲೋಕ ತಡೆದುಕೊಳ್ಳಲಾರದು ಎಂಬ ಕರುಣೆಯಿಂದ ಕನ್ನಡಿಯನ್ನು ಮಲಗಿಸಿದೆ. ಮುಂದೆ ಒಂದು ಹಂಪ್ ಇತ್ತು.

ಆದರೂ ಎದೆಗುಂದಲಿಲ್ಲ. ಚೂರುಗಳನ್ನು ಗೋಣಿಚೀಲದಲ್ಲಿ ಕಟ್ಟೆಗೆ ಒಯ್ದು ಹರಡಿ, “ನೋಡಿ, ಸೂರ್ಯ ಒಬ್ಬನೇ, ಬಿಂಬ ನೂರು. ಇದೇ ಕಾಚಾದ್ವೈತ!” ಎಂದೆ. ಹಿಂದಿನ ಸಾಲಿನವರಿಗೆ ‘ಕಾಚ’ ಎಂಬಷ್ಟೇ ಕೇಳಿಸಿ ಅವರು ನಗತೊಡಗಿದರು. ಮುಂದಿನ ಸಾಲಿನಲ್ಲಿ ನಮ್ಮ ಸೋದರತ್ತೆ ಕೂತಿದ್ದಳು. ಅವಳು ನಗಲಿಲ್ಲ. ಅದೇ ಭಯದ ಸಂಗತಿ.

“ಶೀನ್ಯಾ, ಕನ್ನಡಿ ಒಡದ್ರ ಅದರಾಗಿನ ಮುಖ ಏನಾತು?”

“ಹೋಯ್ತು, ಅತ್ತಿ.”

“ಹಂಗಾರ ಜೀವನೂ ಒಂದಿನ ಹೋಗ್ತಾನೇನು?”

ನೋಟ್‌ಬುಕ್ ತಿರುವಿದೆ. ಅಲ್ಲಿ ತವರವಿತ್ತು, ಇದಕ್ಕೆ ಉತ್ತರ ಇರಲಿಲ್ಲ. ಅತ್ತೆಯೇ ಹೇಳಿದಳು. ಕನ್ನಡಿಯಂಥ ಉಪಾಧಿ ಇದ್ದರೆ ತಾನೇ ಅದು ಒಡೆದಾಗ ಪ್ರತಿಬಿಂಬ ಅಳಿಯುವುದು? ಮಧ್ವಾಚಾರ್ಯರ ಮತದಲ್ಲಿ ಜೀವ ನಿರುಪಾಧಿಕ ಪ್ರತಿಬಿಂಬ. ಅದಕ್ಕೆ ದೃಷ್ಟಾಂತ ಕನ್ನಡಿಯಲ್ಲ, ಸೂರ್ಯನಿಗೆ ಕಾಮನಬಿಲ್ಲು. ಕನ್ನಡಿ ಹಿಡಿದು ಬಿಂಬವೂ ಪ್ರತಿಬಿಂಬವೂ ಒಂದೇ ಅನ್ನುವವರು ಅದ್ವೈತಿಗಳು. “ಹನ್ನೊಂದು ಕಿಲೋ ಹೊತ್ತು ಮಾಯಾವಾದಕ್ಕ ಹೋಗಿ ನಿಂತೀಯಲ್ಲೋ! ನಮ್ಮೂರ ದಾಸರು ಹರಿಕಥಾಮೃತಸಾರದಾಗ ಬಿಂಬಾಪರೋಕ್ಷ ಸಂಧಿ ಅಂತನೇ ಒಂದು ಬರದಿಟ್ಟಾರ. ಓದೀಯೇನು?”

ಓದಿರಲಿಲ್ಲ. ಜಗನ್ನಾಥದಾಸರು (1728–1809) ಇದೇ ಮಾನ್ವಿಯಲ್ಲಿ ಬಾಳಿದವರು. ಭಾಮಿನಿ ಷಟ್ಪದಿಯ ಅವರ ಗ್ರಂಥ ಅತ್ತೆಗೆ ಪೂರ್ತಿ ಬಾಯಿಪಾಠ, ಹಿಟ್ಟು ನಾದುವಾಗಲೂ ಹೇಳುತ್ತಿರುತ್ತಾಳೆ. ನಾನು ಇಷ್ಟು ವರ್ಷ ಅದನ್ನು ರೊಟ್ಟಿ ಬಡಿಯುವ ಸದ್ದಿನ ಭಾಗವೆಂದೇ ತಿಳಿದಿದ್ದೆ.

ಕೂಟದವರು ಬಿಡಲಿಲ್ಲ. ಮುಂದಿನ ವಾರ ಎರಡನೆಯ ಉಪನ್ಯಾಸ, ನನ್ನನ್ನು ಪ್ರಶ್ನಿಸಲು ರಾಯಚೂರಿನಿಂದ ಪಂಡಿತರೊಬ್ಬರು ಬರುತ್ತಾರೆ ಎಂದು ಹಲಗೆಯ ಮೇಲೆ ಬರೆದೇಬಿಟ್ಟರು. ಉಪನ್ಯಾಸದ ಸಂಜೆ ಹಾಸಿಗೆ ಹಾಸಿ ಮಲಗಿ, “ಅತ್ತಿ, ಹೊಟ್ಟಿನೋವು” ಎಂದೆ.

ಅತ್ತೆಯ ಮುಖ ಬಿಳಿಚಿಕೊಂಡಿತು. “ಬ್ಯಾರೆ ಏನರೆ ಹೇಳೋ. ಈ ಊರಾಗ ಅದೊಂದು ಸುಳ್ಳು ಹೇಳಬಾರದು!”

ಊರಿನ ಕಥೆ ಆಗ ನೆನಪಾಯಿತು. ದಾಸರಾಗುವ ಮೊದಲು ಜಗನ್ನಾಥದಾಸರು ಶ್ರೀನಿವಾಸಾಚಾರ್ಯರೆಂಬ ಮಹಾ ವಿದ್ವಾಂಸರು. ಕನ್ನಡದಲ್ಲಿ ಹಾಡುವ ದಾಸರೆಂದರೆ ತಾತ್ಸಾರ. ವಿಜಯದಾಸರು ಊಟಕ್ಕೆ ಕರೆದಾಗ ಹೊಟ್ಟೆನೋವೆಂದು ನೆಪ ಹೇಳಿದರಂತೆ. ನೆಪ ನಿಜವಾಯಿತು, ಯಾವ ಮದ್ದಿಗೂ ಬಗ್ಗಲಿಲ್ಲ. ಕೊನೆಗೆ ವಿಜಯದಾಸರ ಮಾತಿನಂತೆ ಗೋಪಾಲದಾಸರಲ್ಲಿಗೆ ಹೋದಾಗ ಅವರು ಮಂತ್ರಿಸಿದ ಜೋಳದ ರೊಟ್ಟಿ ತಿನ್ನಿಸಿ, ತಮ್ಮ ಆಯುಷ್ಯದಲ್ಲೇ 40 ವರ್ಷ ಧಾರೆ ಎರೆದರು ಎನ್ನುತ್ತದೆ ಸಂಪ್ರದಾಯ. ನನ್ನ ಹೆಸರೂ ಶ್ರೀನಿವಾಸನೇ. ಈ ಊರಲ್ಲಿ ಒಂದು ಕಲ್ಲು ಎಸೆದರೆ ನಾಲ್ಕು ಶ್ರೀನಿವಾಸರಿಗೆ ತಾಗುತ್ತದೆ ನಿಜ, ಆದರೆ ಹೊಟ್ಟೆನೋವಿನ ಸುಳ್ಳು ಹೇಳಿದವನು ನಾನೊಬ್ಬನೇ.

ಅತ್ತೆ ಆಯುಷ್ಯ ಕೊಡಲು ಒಪ್ಪಲಿಲ್ಲ. ಎಂಬತ್ತು ದಾಟಿದವಳ ಬಳಿ ಎಷ್ಟಿದ್ದೀತು? ರೊಟ್ಟಿ ಮಾತ್ರ ಬಡಿದಳು. ಹೆದರಿಕೆಯಲ್ಲಿ ಲೆಕ್ಕವಿಲ್ಲದೆ ತಿಂದೆ. ಏಳು ಗಂಟೆಯ ಹೊತ್ತಿಗೆ ಹೊಟ್ಟೆ ನಿಜವಾಗಿಯೇ ನೋಯತೊಡಗಿತು. ಇದು ದಾಸರ ಕೋಪವೋ ರೊಟ್ಟಿಯ ಸಂಖ್ಯೆಯೋ ಎಂಬ ಚರ್ಚೆ ನಮ್ಮ ಮನೆಯಲ್ಲಿ ಇನ್ನೂ ಮುಗಿದಿಲ್ಲ.

ಅತ್ತ ಕಟ್ಟೆಯ ಮೇಲೆ ಪಂಡಿತರ ಬಸ್ಸು ತಪ್ಪಿತ್ತು, ಉಪನ್ಯಾಸಕ ಹಾಸಿಗೆ ಹಿಡಿದಿದ್ದ. ನನ್ನ ಕನ್ನಡಿಯ ಬಾಕಿ ಕೇಳಲು ಬಂದಿದ್ದ ಗಾಜಿನಂಗಡಿಯ ಹುಡುಗನನ್ನೇ ಹಿಡಿದು ಕೂರಿಸಿದರಂತೆ. ಅವನು ಗಾಜು ಕತ್ತರಿಸುವುದು ಹೇಗೆಂದು ತೋರಿಸಿದ. ಕಟ್ಟರಿನ ಗಾಲಿಗೆ ಸೀಮೆಎಣ್ಣೆ ಸವರಬೇಕು, ಗೆರೆ ಒಂದೇ ಸಲ ಎಳೆಯಬೇಕು, ಅದರ ಮೇಲೇ ಮತ್ತೆ ಎಳೆದರೆ ಗಾಜೂ ಕೆಡುತ್ತದೆ, ಕಟ್ಟರೂ ಕೆಡುತ್ತದೆ. ಹಿಂದಿನ ಸಾಲಿನವರು ಮುಂದೆ ಬಂದು ಕೂತರು. ಮುಂದಿನ ವಾರವೂ ಅವನನ್ನೇ ಕರೆಯುವುದೆಂದು ಠರಾವಾಯಿತು. ಸಭೆಯ ಅಧ್ಯಕ್ಷತೆಗೆ ಯಾರೋ ನನ್ನ ಹೆಸರು ಸೂಚಿಸಿದರಂತೆ, ಅನುಮೋದಿಸುವವರು ಸಿಗಲಿಲ್ಲ.