ಬಾಲ ಕತ್ತರಿಸಿಕೊಂಡ ಬಿಸುಪು

ಬೆಚ್ಚಗಿರೋದಕ್ಕೆ ಇಂಗ್ಲಿಷಿನಲ್ಲಿ ‘ವಾರ್ಮ್ತ್’ ಅಂತಾರೆ. ಹೇಳುವಾಗ ಕೊನೆಗೆ ನಾಲಿಗೆ ಹಲ್ಲಿನ ನಡುವೆ ಸಿಕ್ಕಿಕೊಳ್ಳುತ್ತೆ. ಚಳಿಗೆ ಹಲ್ಲು ಕಟಕಟ ಅನ್ನುವಾಗಂತೂ ಅಪಾಯವೇ. ಅದಕ್ಕೇ ಕೆಲವರು ‘ವಾರ್ಮ್‌ನೆಸ್’ ಅಂದುಬಿಡ್ತಾರೆ. ನಿಘಂಟಿನಲ್ಲಿದೆ, ಆದರೂ ಮೇಷ್ಟ್ರ ಕೆಂಪು ಪೆನ್ನಿಗೆ ಅದನ್ನು ಕಂಡರಾಗದು.

ಆಡುಮಾತಿನಲ್ಲಿ ಬ್ರಿಟನ್ನಿನವರು ಇನ್ನೂ ಜಾಣರು. ಪದದ ಬಾಲವನ್ನೇ ಕತ್ತರಿಸಿ, ‘ವಾರ್ಮ್’ ಅನ್ನೋ ಗುಣವಾಚಕವನ್ನೇ ನಾಮಪದ ಮಾಡಿಕೊಂಡರು. ಹೊರಗೆ ನಡುಗುತ್ತಾ ನಿಂತವರನ್ನು ‘ಕಮ್ ಇನ್‌ಟು ದ ವಾರ್ಮ್’ ಅಂತ ಒಳಗೆ ಕರೀತಾರೆ. ಬೆಂಕಿ ಮುಂದೆ ಕೂರಿಸಿ ‘ಹ್ಯಾವ್ ಎ ವಾರ್ಮ್’ ಅಂತಾರೆ. ಅವರ ಸೇನಾಧಿಕಾರಿಗಳಂತೂ ಅದನ್ನು ತೊಟ್ಟುಕೊಂಡೇ ಓಡಾಡಿದರು: ಮೊದಲ ಮಹಾಯುದ್ಧದ ಕಾಲದ, ದಪ್ಪ ಉಣ್ಣೆಯ, ಎರಡು ಸಾಲು ಗುಂಡಿಯ ಓವರ್‌ಕೋಟಿನ ಹೆಸರೇ ‘ಬ್ರಿಟಿಷ್ ವಾರ್ಮ್’. (ಮಿಕ್ಕ ದೇಶಗಳಿಗೆ ಅವರು ಮುಟ್ಟಿಸಿದ ಬಿಸಿ ಬೇರೆ ಥರದ್ದು, ಬಿಡಿ.)

ವಾರ್ಮ್ತ್‌ಗೊಂದು ಜೋಡಿ ಬೇಡವೇ? ‘ಕೂಲ್ತ್’ ಇದೆ, 16ನೇ ಶತಮಾನದಿಂದಲೇ. ಲೇಖಕ ಕಿಪ್ಲಿಂಗ್ ಕೂಡ ಬಳಸಿದ್ದಾನೆ. ತಮಾಷೆಯ ಪದ ಅಂತ ನಿಘಂಟುಗಳು ಮೂಲೆಗೆ ತಳ್ಳಿದರೂ, ಏಸಿ ಇಲ್ಲದೆ ಕಟ್ಟಡ ತಂಪಾಗಿಡಲು ಹೊರಟ ವಾಸ್ತುಶಿಲ್ಪಿಗಳು ಗಂಭೀರವಾಗಿಯೇ ಅದನ್ನು ಬರೀತಾರೆ. ‘ಹಾಟ್ತ್’ ಮಾತ್ರ ಚಲಾವಣೆಗೆ ಬಂದಿಲ್ಲ. ನಾಲಿಗೆ ಸುಟ್ಟೀತು ಅಂತಿರಬೇಕು.